ಬೇರೆಯ ಬೇರು

ಮೇ ಮುಗಿಯುತ್ತ ಬಂದರೂ ಏಳುವುದಿಲ್ಲ ಇದು.
ಟೊಮೆಟೊಗೆ ಕೋಲು ಕಟ್ಟಿಯಾಯಿತು,
ಒಕೋಯಿ ಹೊಳೆಯಲ್ಲಿ ರಬ್ಬರ್ ದೋಣಿಯವರ ಕೂಗಾಟವೂ ಶುರುವಾಯಿತು,
ಇದಿನ್ನೂ ಮಣ್ಣೊಳಗೆ ಮಗ್ಗುಲು ಬದಲಿಸುತ್ತಿದೆ.

ಮೊದಲ ಚಳಿಗಾಲಕ್ಕೆ ಸತ್ತೇ ಹೋಯಿತೆಂದು
ಆ ಜಾಗಕ್ಕೆ ಬೆಂಡೆ ಹಾಕಿದೆ.
ಜೂನಿನಲ್ಲಿ ಬೆಂಡೆಯ ಕುತ್ತಿಗೆಗೇ ಸುರುಳಿ ಬಿಗಿದು
ಬಂದೇ ಬಂತು,
ಹೊರಟ ಬಸ್ಸಿನ ಬಾಗಿಲು ಬಡಿಯುವ ಹುಡುಗನ ಹಾಗೆ.

ಇಪ್ಪತ್ತಾರು ವರ್ಷ ಶಾಲೆಯ ಬಸ್ಸು ಓಡಿಸಿದವಳು ನಾನು.
ಯಾರು ಎಲ್ಲಿ ಹತ್ತಬೇಕು, ಎಲ್ಲಿ ಇಳಿಯಬೇಕು,
ಎಲ್ಲ ಬಾಯಿಪಾಠ.
ಇದಕ್ಕೆ ನಿಲ್ದಾಣವೇ ಇಲ್ಲ.
ಚಪ್ಪರ ಕಟ್ಟಿಕೊಟ್ಟೆ, ಚಪ್ಪರ ಬಿಟ್ಟು
ಒಣಗಹಾಕಿದ ಅಂಗಿಯ ತೋಳು ಹಿಡಿಯಿತು,
ಗ್ಯಾಸ್ ಮೀಟರಿನ ಕೊರಳು ಹಿಡಿಯಿತು,
ಬೇಲಿಯ ಕೆಳಗೆ ಹನ್ನೆರಡು ಅಡಿ ಸದ್ದಿಲ್ಲದೆ ಸಾಗಿ
ಹೋಯ್ಟ್ ಲೆಡ್‌ಫರ್ಡನ ಹುಲ್ಲುಹಾಸಿನ ನಟ್ಟನಡುವೆ
ತಲೆ ಎತ್ತಿತು.

ಬೇಲಿ ಎದ್ದು ಹೊಲ ಮೇಯುವುದು ಕೇಳಿದ್ದೆ.
ಇಲ್ಲಿ ಹೊಲವೇ ಬೇಲಿಯಡಿ ನುಸುಳಿತ್ತು.

ಶನಿವಾರ ಶನಿವಾರ ಅವನ ಮೋವರ್ ಗುಡುಗಿತು.
ಕತ್ತರಿಸಿದ. ಉಪ್ಪು ಸುರಿದ.
ನನ್ನ ಹೆಸರೆತ್ತಿ ಏನೋ ಅಂದ, ಅದಿಲ್ಲಿ ಬೇಡ.
ಒಂದನ್ನು ಕತ್ತರಿಸಿದಲ್ಲಿ ಎರಡು ಬಂದವು.

ಒಂಬತ್ತು ಬೇಸಿಗೆ. ಹೂವಿಗೇನೂ ಬಡತನವಿಲ್ಲ.
ಪಾದ್ರಿಗಳು ಬಂದು ಹೂವಿನೊಳಗೆ ಮೊಳೆ ಎಣಿಸಿದರು,
ಮುಳ್ಳಿನ ಕಿರೀಟ ತೋರಿಸಿದರು.
ಹೂಂ ಅಂದೆ.
ನನಗೆ ಕಂಡದ್ದು ಅಜ್ಜಿಯ ದೀಪದ ಮುಸುಕಿನ ನೇರಳೆ ಕುಚ್ಚು,
ನಡುವೆ ಮೂರು ಪುಟ್ಟ ಕೈ.
ಅರಳುವಾಗ ಮೇಲಕ್ಕೆ ಚಾಚಿದ್ದು
ಹೊತ್ತು ಸರಿದಂತೆ ಬಾಗುತ್ತ ಬಾಗುತ್ತ ಇಳಿಯುತ್ತವೆ,
ಕರಿದುಂಬಿಯ ಬೆನ್ನು ಎಷ್ಟೆತ್ತರವೋ ಸರಿಯಾಗಿ ಅಷ್ಟಕ್ಕೆ.

ದುಂಬಿಯೂ ಬಂತು, ಬೆನ್ನ ತುಂಬ ಹಳದಿ ಹೊತ್ತು ಹೋಯಿತು.
ಮರುದಿನ ಮುದುಡಿದ ಹೂ ನೆಲಕ್ಕೆ.
ಕಾಯಿ? ಒಂದೂ ಇಲ್ಲ.

ಹತ್ತನೆಯ ವರ್ಷ ಹೋಯ್ಟನ ಮಂಡಿ ಕೊಯ್ದರು.
ಮೋವರ್ ಶೆಡ್ಡಿನಲ್ಲಿ ಮಲಗಿತು.
ಅವನು ಜಗಲಿಯ ಕುರ್ಚಿಯಲ್ಲಿ,
ಬಳ್ಳಿ ಅವನ ಅಂಚೆಪೆಟ್ಟಿಗೆಯ ಮೇಲೆ,
ಆಮೇಲೆ ಮೆಟ್ಟಿಲ ಕಂಬಿಯ ಮೇಲೆ,
ಆಗಸ್ಟಿಗೆ ಕುರ್ಚಿಯ ಕಾಲಿಗೇ.
ಕಿತ್ತಳೆ ಮೈಗೆ ಕರಿಮುಳ್ಳು ತೊಟ್ಟ ಹುಳಗಳು
ಎಲೆ ಬೋಳಿಸುವುದನ್ನು ಅವನು ಕೂತು ಎಣಿಸಿದ.
ನಾನಾಗಿದ್ದರೆ ಹೆಕ್ಕಿ ಎಸೆಯುತ್ತಿದ್ದೆ.
'ನಲವತ್ತೊಂದು,' ಅಂದ ಬೇಲಿಯಾಚೆಯಿಂದ,
ಹತ್ತು ವರ್ಷದಲ್ಲಿ ನನಗಾಡಿದ ಮೊದಲ ಸಭ್ಯ ಮಾತು.

ಆಮೇಲೊಂದು ದಿನ ವಾಕರ್ ತಳ್ಳಿಕೊಂಡು ಬೇಲಿಯವರೆಗೆ ಬಂದ.
'ಅರ್ಡೆಲಾ, ನಿನ್ನದೂ ನನ್ನದೂ ಒಂದೇ ಗಿಡ ಕಣೇ.
ತನ್ನ ಹಿಟ್ಟು ತನಗೇ ಸೇರದು ಇದಕ್ಕೆ.
ಬೇರೆಯ ಬೇರು ಬೇಕು.'
ಅವನ ಅಜ್ಜಿ ಚೆರೋಕಿಯವಳು,
ಹಳೆಯ ರೈಲು ದಿಬ್ಬದಲ್ಲಿ ಬಕೆಟ್ ತುಂಬ ಹೆಕ್ಕಿಸುತ್ತಿದ್ದಳಂತೆ.
ದಾರಿ ನೆನಪಿದೆ, ಕಾಲಿಲ್ಲ ಅಂದ.

ಕಾರು ನನ್ನದು. ಗುದ್ದಲಿಯೂ ನನ್ನದೇ.
ಕಿಟಕಿಯಿಂದ ಕೈ ಚಾಚಿ ಅವನು ಎಡಕ್ಕೆ ಅಂದ, ಇನ್ನೂ ಎಡಕ್ಕೆ,
ಜಲ್ಲಿಕಲ್ಲಿನ ನಡುವೆ ಬೆರಳುದಪ್ಪದ ಬಿಳಿಬೇರು ಸಿಕ್ಕಿತು.
ಒದ್ದೆ ಪತ್ರಿಕೆಯಲ್ಲಿ ಸುತ್ತಿ ಅವನ ತೊಡೆಯ ಮೇಲಿಟ್ಟೆ.
ಮನೆ ಬರುವವರೆಗೆ ಇಬ್ಬರೂ ಮಾತಾಡಲಿಲ್ಲ.

ಮೇಪಾಪ್ ಅಂತ ಹೆಸರಿಟ್ಟವರು
ಮೇ ತಿಂಗಳು ನೋಡಿ ಇಟ್ಟರೋ,
ಕಾಲಡಿಯ ಟಪ್ ಕೇಳಿ ಇಟ್ಟರೋ ತಿಳಿಯದು.
ಈ ಸೆಪ್ಟೆಂಬರಿನಲ್ಲಿ ಮೊಟ್ಟೆಗಾತ್ರದ ಹಸಿರು ಕಾಯಿ
ಹಳದಿಗೆ ತಿರುಗಿ, ಸುಕ್ಕಾಗಿ, ತಾನಾಗಿ ಉದುರುತ್ತಿವೆ.
ಒಳಗೆ ಹುಳಿಸಿಹಿ ರಸ, ಕರಿಬೀಜ, ಮಿಕ್ಕಿದ್ದೆಲ್ಲ ಗಾಳಿ.

ನನ್ನ ಬದಿಗೆ ಬಿದ್ದದ್ದೂ ತನ್ನದೇ ಅನ್ನುತ್ತಾನೆ,
ಬೇರು ತೋರಿಸಿದವನು ತಾನಂತೆ.
ಮಂಡಿ ಸರಿಹೋಗಿದೆ, ಮೋವರಿಗೂ ಎಣ್ಣೆ ಬಿದ್ದಿದೆ.
ಬಳ್ಳಿಯ ಸುತ್ತ ಅಡ್ಡಾದಿಡ್ಡಿ ಸುತ್ತು ಹಾಕಿ,
ನಾನು ನೋಡುತ್ತಿದ್ದೇನೆಂದು ಗೊತ್ತಾದರೆ
ಇನ್ನೂ ಜೋರಾಗಿ ಗುಡುಗಿಸುತ್ತಾನೆ.