ಮಜ್ಜಿಗೆ ಕೇಳಲು ಹೋದದ್ದು

ಕಾರು ಹಿಂದಕ್ಕೆ ತೆಗೆಯುವಾಗ
ಎದುರುಮನೆಯ ಟಪಾಲು ಡಬ್ಬಿಗೆ ಗುದ್ದಿದೆ.
ಅಂಗಡಿಯ ಡಬ್ಬಿಯಲ್ಲ. ರೈಲ್ವೆ ಶೆಡ್ಡಿನಲ್ಲಿ
ಬೆಸುಗೆ ಹಾಕುತ್ತಿದ್ದ ರೂಫಸ್ ಟೇಟ್
ಕೈಯಾರೆ ಮಾಡಿದ್ದ ಪುಟ್ಟ ಕಬ್ಬಿಣದ ಎಂಜಿನ್ನು.
ಚಿಮಣಿ ಮುರಿಯಿತು. ಹಳೆಯ ಟವೆಲ್ಲಿನಲ್ಲಿ ಸುತ್ತಿ
ಡಿಕ್ಕಿಯಲ್ಲಿಟ್ಟುಕೊಂಡು ಕೆಲಸಕ್ಕೆ ಹೋದೆ.
ಡಿಕ್ಕಿ ಹೊಡೆದದ್ದು ಡಿಕ್ಕಿಯೊಳಗೇ.

ರೂಫಸ್ ತೀರಿಕೊಂಡು ಆರು ವರ್ಷ.
ಹೆಂಡತಿ ವರ್ಡೆಲ್‌ಗೆ ಈಗ ಎಂಬತ್ತೊಂದು.

ಮೂರನೆಯ ದಿನ ಬಾಗಿಲು ತಟ್ಟಿದೆ.
"ನಾನು..." ಅಂದೆ. ಮುಂದೆ ಬಾಯಿಗೆ ಬಂದದ್ದು:
"ಒಂದು ಲೋಟ ಮಜ್ಜಿಗೆ ಸಿಕ್ಕೀತೇ?"
ಮಜ್ಜಿಗೆಗೆ ಹೋದವನು ತಂಬಿಗೆ ಬಚ್ಚಿಟ್ಟನಂತೆ.
ನಾನು ತಂಬಿಗೆಯನ್ನು ಮುಂದೆ ಹಿಡಿದು
ಉಳಿದದ್ದನ್ನೆಲ್ಲ ಬಚ್ಚಿಟ್ಟೆ.

"ಒಳಗೆ ಬಾ, ಏರನ್."
(ಈರಣ್ಣ ಎಂದು ಎಷ್ಟು ಬಿಡಿಸಿ ಹೇಳಿದರೂ
ಒಪೆಲೈಕಾದಲ್ಲಿ ನಾನು ಏರನ್ನೇ.)
"ಕುಡಿಯಲಿಕ್ಕೋ, ಬಿಸ್ಕೆಟ್ಟಿಗೋ?"
ಬಿಸ್ಕೆಟ್ಟಿಗೆ ಅಂದೆ. ಒಂದು ಸುಳ್ಳು ಇನ್ನೊಂದಕ್ಕೆ ಹೆಪ್ಪು.

ಇಲ್ಲಿಯ ಬಿಸ್ಕೆಟ್ಟು ಚಹಾದಲ್ಲಿ ಅದ್ದುವಂಥದ್ದಲ್ಲ,
ಮುಷ್ಟಿಗಾತ್ರ, ಮೆತ್ತಗೆ, ಪದರ ಪದರ.
ಇಲ್ಲಿಯ ಮಜ್ಜಿಗೆಯೂ ಕಡೆದದ್ದಲ್ಲ,
ಡಬ್ಬಿಯಿಂದ ಬುಳಕ್ಕನೆ ಬೀಳುವ ಗಟ್ಟಿ ಹುಳಿ.

ಉಗುರುಬೆಚ್ಚಗಿನ ನೀರು, ಚಿಟಿಕೆ ಸಕ್ಕರೆ, ಯೀಸ್ಟು.
"ಮಿಕಿಮಿಕಿ ನೋಡಬೇಡ, ನಾಚಿಕೊಳ್ಳುತ್ತದೆ."
ಐದು ನಿಮಿಷಕ್ಕೆ ಆಗಷ್ಟೇ ಕರೆದ ಹಾಲಿನ ನೊರೆ.
ಹಿಟ್ಟಿಗೆ ಸೋಡಾ, ಮೇಲೆ ಬೇಕಿಂಗ್ ಪೌಡರು.
ಉಬ್ಬಿಸಲಿಕ್ಕೆ ಮೂರು ಮೂರಾ?
"ಮದುಮಗಳ ಬಿಸ್ಕೆಟ್ ಅಂತಾರೆ ಇದಕ್ಕೆ.
ಏನೂ ಬಾರದ ಹುಡುಗಿ ಒಂದನ್ನು ಕೆಡಿಸಿದರೆ
ಇನ್ನೊಂದು ಮಾನ ಕಾಯುತ್ತದೆ.
ನಾನು ಮೂರನ್ನೂ ಕೆಡಿಸಿದ್ದೆ.
ರೂಫಸ್ ತಿಂದ. ನೀರು ಕುಡಿದ. ಮತ್ತೆ ತಿಂದ."

ತಣ್ಣನೆಯ ಬೆಣ್ಣೆಯನ್ನು ಹಿಟ್ಟಿನಲ್ಲಿ ಉದುರಿಸಿ,
ಮಜ್ಜಿಗೆ ಸುರಿದು, ಮಡಿಸಿ, ಮತ್ತೆ ಮಡಿಸಿ.
ನನ್ನ ಅಂಗೈ ತನ್ನ ಪಾಡಿಗೆ ರೊಟ್ಟಿ ಬಡಿಯಹೊರಟಿತು.
"ಅದೇನು ಮಾಡಿತಪ್ಪ ನಿನಗೆ?" ಎಂದು ಕೈ ಹಿಡಿದಳು.
ಆಕೆಯ ಗೆಣ್ಣುಗಳು ಹಸಿಶುಂಠಿಯಂತೆ ಬಾತಿದ್ದವು.

ಕತ್ತರಿಸಲು ಒಂದು ತಗಡಿನ ಡಬ್ಬಿ, ಎರಡೂ ಕಡೆ ಬಾಯಿ.
"ನೇರ ಒತ್ತು, ನೇರ ಎತ್ತು. ತಿರುಚಬೇಡ.
ತಿರುಚಿದರೆ ಅಂಚು ಮುಚ್ಚಿಕೊಂಡುಬಿಡುತ್ತದೆ,
ಒಳಗಿನದು ಮೇಲೇಳುವುದಿಲ್ಲ."

ನಾಲ್ಕು ಒತ್ತಿದೆ. ಐದನೆಯದಕ್ಕೆ
ಕೈ ಡಬ್ಬಿಯ ಮೇಲೇ ನಿಂತಿತು.
"ವರ್ಡೆಲ್, ನಿಮ್ಮ ಎಂಜಿನ್ನಿನ ಚಿಮಣಿ..."
"ನಿನ್ನ ಕಾರಿನಲ್ಲಿದೆ," ಅಂದಳು. "ಬುಧವಾರ, ಎಂಟೂ ಹತ್ತು.
ಕಿಟಕಿಯಲ್ಲೇ ಇದ್ದೆ ನಾನು.
ಅವನ್ನು ದೂರ ದೂರ ಇಡಬೇಡ,
ಒಂದಕ್ಕೊಂದು ತಾಗಲಿ."

ತಟ್ಟೆಯ ಮೇಲೆ ಬಟ್ಟೆ ಹೊದಿಸಿ ಒಂದು ಗಂಟೆ.
ಪರವಾಗಿಲ್ಲ ಎಂದು ಆಕೆ ಅನ್ನಲಿಲ್ಲ.
ನಾನು ಹೋಗಿ ಟವೆಲ್ಲಿನ ಗಂಟು ತಂದೆ.
ಮುರಿದ ಜಾಗದ ಮೇಲೆ ಹೆಬ್ಬೆರಳು ಆಡಿಸಿ
"ಈ ಬೆಸುಗೆ ಅವನಿಗೆ ಒಂದು ದಿನವೂ
ಸಮಾಧಾನ ಕೊಟ್ಟಿರಲಿಲ್ಲ," ಅಂದಳು.

ಆಮೇಲೆ ಒಲೆ, ಹದಿನೈದು ನಿಮಿಷ, ಮನೆ ತುಂಬ ವಾಸನೆ.
ಸವರಿಕೊಳ್ಳಲು ಕಪ್ಪನೆಯ ಕಾಕಂಬಿ,
ಜೋಳದ ದಂಟಿನದು. ನಮ್ಮ ಜೋಳವೇ!
ಹನ್ನೊಂದು ವರ್ಷ ಈ ಊರಲ್ಲಿದ್ದು
ಜೋಳ ಇಲ್ಲೇ ಸಿಹಿಯಾಗಿ ಕೂತದ್ದು ಗೊತ್ತಿರಲಿಲ್ಲ.

ನಾಲ್ಕು ನೆಟ್ಟಗೆ ಎದ್ದಿದ್ದವು.
ಐದನೆಯದು ಒಂದು ಕಡೆ ವಾಲಿತ್ತು.
ಅದನ್ನು ಆಕೆಯೇ ತೆಗೆದುಕೊಂಡಳು.