ಅರ್ಥ, ಪ್ರಯೋಗ

ಹುದ್ದಾರ ಮಾಸ್ತರರ ವಿಜ್ಞಾನ ಶಬ್ದಕೋಶದ ಕರಡು
ಖಡೇಬಜಾರಿನ ನಮ್ಮ ಮಾಳಿಗೆ ಪ್ರೆಸ್ಸಿಗೆ ಬಂದು ಹದಿನಾಲ್ಕು ತಿಂಗಳು.
ಈಗ ಮಕಾರಕ್ಕೆ ಮುಟ್ಟಿದ್ದೇನೆ. ಪುಟ ಮುನ್ನೂರ ಹನ್ನೊಂದು.

ಮ್ಯಾಪಿಸಿನ್, ನಾಮಪದ.
ಅರ್ಥ: ಮರವೊಂದರಲ್ಲಿ ಸಿಗುವ ಅಪರೂಪದ ಆಲ್ಕಲಾಯ್ಡ್.
ಪ್ರಯೋಗ:
ಮುಂದೆ ಏನಿಲ್ಲ. ಪೆನ್ಸಿಲ್ಲಿನದೊಂದು ಚುಕ್ಕಿ,
ಮಾಸ್ತರರು ಅಲ್ಲಿಗೇ ಊಟಕ್ಕೆ ಎದ್ದಿರಬೇಕು.

ಫೋನು ಹಚ್ಚಿದೆ.
‘ಒಂದು ವಾಕ್ಯ ನೀವಽ ಬರದ ಬಿಡ್ರಿ ಬಾಯಾರ,
ಯಾರ ಓದ್ತಾರ ಅದನ್ನ?’

ವಿಭಕ್ತಿ ಹಚ್ಚಿ ನೋಡಿದೆ,
ಹೊಸ ಚಪ್ಪಲಿ ಮೆಟ್ಟಿ ಅಂಗಡಿಯೊಳಗೇ ನಾಲ್ಕು ಹೆಜ್ಜೆ ಹಾಕಿದ ಹಾಗೆ.
ಮ್ಯಾಪಿಸಿನ್ನನ್ನು: ನಕಾರಗಳು ಒಂದರ ಕಾಲು ಒಂದು ತುಳಿಯುತ್ತವೆ.
ಮ್ಯಾಪಿಸಿನ್ನಿಂದ: ಯಾರಿಗೆ ಏನು ನೆಟ್ಟಗಾಯಿತೋ ತಿಳಿಯದು.
ಮ್ಯಾಪಿಸಿನ್ನಿಗೆ: ಯಾರೂ ಏನೂ ಕೊಟ್ಟಂತಿಲ್ಲ.
ಸಂಬೋಧನೆಗೆ ಬಂದು ನಿಂತೆ.
ಈ ಹೆಸರು ಹಿಡಿದು ಈವರೆಗೆ
ಯಾರೂ ಯಾರನ್ನೂ ಕೂಗಿರಲಿಕ್ಕಿಲ್ಲ.

ಮಾಸ್ತರರ ಅಡಿಟಿಪ್ಪಣಿ ಹೇಳುತ್ತದೆ:
ಎಲ್ಲಿಯದೋ ಊರಿನ ವೈದ್ಯನೊಬ್ಬನ ಹೆಸರನ್ನು
ಅವನು ಕಾಣದ ಗಿಡಗಳಿಗಿಟ್ಟರು,
ಗಿಡದಿಂದ ಅದು ಗಿಡದ ರಸಕ್ಕಿಳಿಯಿತು.
ಆಮೇಲೆ ಪಂಡಿತರು ಮರದ ಹೆಸರು ಬದಲಿಸಿದರು,
ಒಳಗಿನದು ಬದಲಾಗಲಿಲ್ಲ,
ಬೆಳಗಾಂ ಹೋಗಿ ಬೆಳಗಾವಿ ಬಂದರೂ
ರೇಲ್ವೆ ಚೀಟಿಯ ಮೇಲೆ ಬಿಜಿಎಂ ಕೂತೇ ಇರುವಂತೆ.
ಅದೇ ಮರದಲ್ಲಿ ಇದಕ್ಕೊಬ್ಬ ಅಣ್ಣನಿದ್ದಾನಂತೆ,
ಅವನಿಂದ ಮದ್ದಾಯಿತು, ಆಸ್ಪತ್ರೆಗಳಿಗೆ ಹೋಯಿತು, ಹೆಸರಾಯಿತು.
ತಮ್ಮನ ಪಾಲಿಗೆ ಬರೀ ಹೆಸರು.

ಮಧ್ಯಾಹ್ನ ಜಾಂಬೋಟಿ ಕಡೆಯ ಜೋತಿಬಾ ಗಾವಡೆ ಬಂದ,
ಮಗಳ ಲಗ್ನಪತ್ರಿಕೆ, ಇನ್ನೂರ ಐವತ್ತು ಪ್ರತಿ,
ಒಂದು ಮಗ್ಗಲು ಕನ್ನಡ, ಒಂದು ಮಗ್ಗಲು ಮರಾಠಿ.
ಸುಮ್ಮನೆ ಓದಿ ಹೇಳಿದೆ: ಇಂಥಿಂಥ ಎಲೆ, ಇಂಥ ಹೂವು,
ತೊಗಟೆ ಜಜ್ಜಿದರೆ ಕೆಟ್ಟ ವಾಸನೆ...
‘ನರಕ್ಯಾ ಅಲ್ಲೇನ್ರೀ ಅದು!’ ಅಂದ.
‘ಕೊಡ್ಲಿ ಬಿದ್ದ ಕೂಡ್ಲೇ ನಾತ.
ನಮ್ಮಾಯಿ ಒಲಿಗೆ ಸೈತ ಹಚ್ಚಗೊಡತಿದ್ದಿಲ್ಲ.
ಆಮ್ಯಾಲ ಟೆಂಪೋ ತಗೊಂಡ ಬಂದವರು
ಅದಕ್ಕಽ ಅಮೃತಾ ಅಂದ್ರು.
ಕಿಲೋಕ್ಕ ಹನ್ನೆರಡ ರೂಪಾಯಿ.’

ಅರ್ಥ ಎಂದರೆ ದುಡ್ಡು ಕೂಡ,
ಮಾಸ್ತರರ ಕಾಲಮ್ಮಿನಲ್ಲಿ ಅದಕ್ಕೆ ಜಾಗವಿಲ್ಲ.
ಪ್ರಯೋಗ ಎಂದರೆ ಗಾಜಿನ ನಳಿಕೆಯಲ್ಲಿ ಕುದಿಸುವುದು ಕೂಡ,
ಕೊಡಲಿಯನ್ನೂ ಪ್ರಯೋಗಿಸುತ್ತಾರೆ.

‘ನೀವೂ ಕಡದಿರೇನು?’
ಅವನು ಮಾದರಿ ಪತ್ರಿಕೆಯ ಬಂಗಾರದ ಅಂಚನ್ನು
ಉಗುರಿನಿಂದ ಕೆರೆದು ನೋಡುತ್ತಿದ್ದ, ಬಣ್ಣ ಬಿಡುತ್ತದೇನೋ ಎಂದು.
‘ಎರಡ ವರ್ಷ. ಬ್ಯಾರೆ ಕೆಲಸಿದ್ದಿಲ್ರಿ.’
ಅಂಚು ಗಟ್ಟಿಯಿತ್ತು. ಪತ್ರಿಕೆ ಕೆಳಗಿಟ್ಟ.
‘ಈಗ ಹುಡುಕಿದ್ರೂ ಸಿಗೂದಿಲ್ಲ.
ಒಮ್ಮೊಮ್ಮೆ ಹಾದ್ಯಾಗ ಹೋಗೂವಾಗ
ಆ ನಾತರೆ ಬರಬಾರದಾ ಅನಸ್ತದ.’

ಮಗಳ ಹೆಸರು ಸುರೇಖಾ ಅಂತ ಬರೆಸಿದ.
ಮೆಟ್ಟಿಲು ಇಳಿದವನು ತಿರುಗಿ ಬಂದ.
‘ಬಾಜೂಕ ಕಂಸದಾಗ ಚಿಮಣಿ ಅಂತ ಹಾಕ್ರಿ.
ಇಲ್ಲಾಂದ್ರ ಬೀಗರ ಬಿಟ್ಟ ಯಾರಿಗೂ
ಇದು ಯಾರ ಲಗ್ನ ಅಂತ ತಿಳಿಯೂದಿಲ್ಲ.’

ಹಾಕಿದೆ. ಅದೇ ಪೆನ್ನಿನಿಂದ
ಪುಟ ಮುನ್ನೂರ ಹನ್ನೊಂದರಲ್ಲೂ ಒಂದು ಕಂಸ ತೆರೆದೆ,
ನರಕ್ಯಾ, ಅಮೃತಾ ಎರಡನ್ನೂ ಒಳಗೆ ಕೂಡಿಸಿ ಮುಚ್ಚಿದೆ.
ಮಾಸ್ತರರು ಹೊಡೆದುಹಾಕಬಹುದು:
ಅವು ಮರದ ಹೆಸರು, ರಸದ್ದಲ್ಲ; ನಾತವೂ ರಸದ್ದಲ್ಲ.
ಸರಿಯೇ. ಕರಡಿನಲ್ಲಿ ಅವರು ತಪ್ಪುವುದು ಕಡಿಮೆ.

ಪ್ರಯೋಗದ ಮುಂದೆ ಇನ್ನೂ ಆ ಚುಕ್ಕಿ.

ಐದೂವರೆಗೆ ಮಷಿನ್ನು ನಿಂತಾಗ,
ಕಿವಿಯಲ್ಲಿ ಅದರ ಸದ್ದಷ್ಟೇ ಉಳಿದಿರುವಾಗ,
ಯಾಕೋ ಬಾಯಿಬಿಟ್ಟು ಅಂದುಬಿಟ್ಟೆ:
ಮ್ಯಾಪಿಸಿನ್ನೇ...

ಶಾಯಿ ಒರೆಸುತ್ತಿದ್ದ ಬಾಬಾಲಾಲ ತಲೆ ಎತ್ತಿದ.
‘ಯಾರನ್ನ ಕರದ್ರಿ ಬಾಯಾರ?’

ಯಾರನ್ನೂ ಇಲ್ಲ ಅಂದೆ.
ಕೆಳಗಿನ ಪದಕ್ಕೆ ಬೆರಳಿಟ್ಟೆ.
ಮ್ಯಾಲಕೈಟ್: ಹಸಿರು ಕಲ್ಲು.
ಪ್ರಯೋಗ: ಅವಳ ಉಂಗುರದಲ್ಲಿ ಮ್ಯಾಲಕೈಟ್ ಇತ್ತು.