ಎರಡು ಸಲ ಓದು

ಬೇಕರಿ ಚೀಲದಲ್ಲಿ ಸುತ್ತಿ ತಂದ ಡಬ್ಬಿಯನ್ನು
ಅಂದುಞ್ಞಿ ಮೇಜಿನ ಮೇಲಿಟ್ಟು ಕೈ ಒರೆಸಿಕೊಂಡ,
ಹಸಿಮೀನು ಇಟ್ಟವನ ಹಾಗೆ.
ಏರ್‌ಬ್ಯಾಗಿನ ಮಾಡ್ಯೂಲು.
ಮೊಗ್ರಾಲ್ ಸೇತುವೆ ದಾಟಿ, ಹೊಸ ಹೈವೇಯ ಕಾಂಕ್ರೀಟ್ ಗೋಡೆಗೆ.
ಉಳಿದದ್ದನ್ನು ಉಪ್ಪಳದ ಅರ್ಧ ಪೇಟೆ ನನಗೆ ಮೊದಲೇ ಹೇಳಿತ್ತು,
ಒಬ್ಬೊಬ್ಬರು ಒಂದೊಂದು ಭಾಷೆಯಲ್ಲಿ, ಒಂದೊಂದು ಥರ.

"ಒಬ್ಬನೇ ಇದ್ದೆ," ಅಂದ, ನಾನು ಕೇಳದೆ.
"ಇದನ್ನು ಅಳಿಸಿ ಕೊಡು ಮಾರಾಯ. ದೀಪ ಹೋದರೆ ಸಾಕು."

ನಾಲ್ಕು ಸ್ಕ್ರೂ. ಮೇಣದಂಥ ಲೇಪವನ್ನು ಸ್ಪಿರಿಟ್ಟಿನಲ್ಲಿ ತಿಕ್ಕಿದೆ.
ಕುಚ್ಚಿಲಕ್ಕಿ ಕಾಳಿನುದ್ದದ ಚಿಪ್, ಎಂಟು ಕಾಲು,
ಒಂದನೇ ಕಾಲು ಇದೆಂದು ಮೂಲೆಯಲ್ಲೊಂದು ಚುಕ್ಕಿ.
ಕ್ಲಿಪ್ಪು ಉಲ್ಟಾ ಕಚ್ಚಿಸಿದರೆ ಸುಟ್ಟೇ ಹೋದೀತು.

ಓದಿದೆ. ಮತ್ತೊಮ್ಮೆ ಓದಿದೆ.
ಎರಡೂ ಓದು ಒಂದೇ ಇದ್ದರೆ ಮಾತ್ರ ನಂಬು:
ಇದನ್ನು ಕಲಿಸಿದ್ದು ನಮ್ಮ ಶಾಲೆಯ ಐತಪ್ಪ ಮಾಸ್ಟ್ರು.
ಕಾಗುಣಿತವನ್ನು ಮೇಲಿಂದೊಮ್ಮೆ ಕೆಳಗಿಂದೊಮ್ಮೆ ಓದಿಸಿ
ಎಡವಿದವನ ಕಿವಿ ಹುಡುಕುತ್ತಿದ್ದರು.

ಸೊನ್ನೆಯಿಂದ ಒಂಬತ್ತು, ಮೇಲೆ ಆರು ಅಕ್ಷರ,
ಇಷ್ಟೇ ಇದರ ವರ್ಣಮಾಲೆ. ಒತ್ತಿಲ್ಲ, ದೀರ್ಘವಿಲ್ಲ.
ಅಮ್ಮನಿಗೆ ಬಸ್ಸಿನ ಬೋರ್ಡು ಓದಲು ಬಾರದು, ಅದು ಮಲಯಾಳ;
ಬಣ್ಣ ನೋಡಿ ಹತ್ತುತ್ತಾಳೆ, ಡ್ರೈವರನ ಮೀಸೆ ನೋಡಿ.
ನಾನು ಕಲಿತದ್ದೂ ಹಾಗೇ:
ಎಫ್ ಎಫ್ ಎಫ್ ಎಫ್ ಎಂದು ಸಾಲುಸಾಲು ಬಯಲು,
ಬಯಲು ಮುಗಿದಲ್ಲಿ ಥಟ್ಟನೆ ಯಾರೋ ಇರುತ್ತಾರೆ.

ಇದ್ದರು.
ಕೊನೆಯ ಐದು ಸೆಕೆಂಡು.
ವೇಗ ಎಂಬತ್ತೆರಡು, ಎಂಬತ್ತೆರಡು, ಎಂಬತ್ತಮೂರು.
ಬ್ರೇಕು ಸೊನ್ನೆ, ಸೊನ್ನೆ, ಸೊನ್ನೆ, ಸೊನ್ನೆ, ಒಂದು.
ಎಡ ಸೀಟು: ಭಾರ ಉಂಟು. ಬೆಲ್ಟು: ಇಲ್ಲ.

ಅಕ್ಕಿಮೂಟೆ ಇಟ್ಟಿದ್ದರೂ ಅದು ಹಾಗೆಯೇ ಬರೆದೀತು.
ಅದಕ್ಕೆ ಭಾರ ಗೊತ್ತು, ಹೆಸರು ಗೊತ್ತಿಲ್ಲ.

"ಎಂತ ಉಂಟು ಅದರಲ್ಲಿ?"
ಬಾಗಿಲ ಕಡೆ ನೋಡಿಕೊಂಡೇ ಕೇಳಿದ.
"ನನಗೆ ಬರೆಯಲು ಮಾತ್ರ ಬರುವುದು," ಅಂದೆ,
"ಓದಲು ಬರುವುದಿಲ್ಲ."
ಆಗ ಸ್ಟೂಲಿನ ಮೇಲೆ ಕೂತ, ಬಂದಾಗಿನಿಂದ ಮೊದಲ ಸಲ.

ಬರೆಯುವ ಮೊದಲು ಹಳೆಯದನ್ನು ಉಳಿಸಿಡುವುದು ಕಸುಬಿನ ಪದ್ಧತಿ.
ಗಾಡಿ ನಂಬರು, ತಾರೀಕು. ಆ ಫೋಲ್ಡರಿನಲ್ಲಿ
ನಾನೂರರ ಹತ್ತಿರ ಇಂಥ ಐದೈದು ಸೆಕೆಂಡುಗಳಿವೆ.
ಕೂಡಿಸಿದರೆ ಅರ್ಧ ಗಂಟೆ,
ಅಮ್ಮ ಬಸ್ಸಿಗೆ ಕಾಯುವಷ್ಟು ಹೊತ್ತು.

ಬರೆದೆ. ಹಸಿರು ಪಟ್ಟಿ ತುಂಬಿತು. ತಾಳೆ ನೋಡಿದೆ, ಸರಿ.
ಸಾವಿರದಿನ್ನೂರು ಕೇಳಿದ್ದೆ, ನೂರರ ನೋಟೊಂದು ಹೆಚ್ಚಿತ್ತು,
ಹಿಂದೆ ಕೊಟ್ಟರೆ ತೆಗೆದುಕೊಳ್ಳಲಿಲ್ಲ;
ಇನ್ನೂ ಫ್ಲಕ್ಸ್ ಡಬ್ಬಿಯಡಿ ಇದೆ.

"ಕೆಂಪು ದೀಪ ಇನ್ನು ಬರುವುದಿಲ್ಲ ಅಲ್ಲ?"
ಬರುತ್ತದೆ, ಅಂದೆ. ಕೀ ತಿರುಗಿಸಿದ ಕೂಡಲೆ
ಆರು ಸೆಕೆಂಡು ಉರಿದು ಆರುತ್ತದೆ.
ಎಲ್ಲರ ಗಾಡಿಯಲ್ಲೂ ಹಾಗೆಯೇ.

ಬೇಕರಿ ಚೀಲವನ್ನು ನಾಲ್ಕು ಮಡಿಕೆ ಮಾಡಿ ಜೇಬಿಗಿಟ್ಟ.
ಡಬ್ಬಿಯನ್ನು ಬರಿಗೈಯಲ್ಲಿ ಹಿಡಿದು ಇಳಿದು ಹೋದ.